ತೊಂದರೆ ಕೊಡದ ಹುಡುಗಿ

ಶಾಲೆಯ ಆಟದ ಬಿಡುವು. ಒಬ್ಬ ಹುಡುಗ ಬೇಲಿ ಪಕ್ಕ ಒಂಟಿಯಾಗಿ ನಿಂತು ಕಂಬಿ ಎಣಿಸುತ್ತಿದ್ದಾನೆ. ಟೀಚರ್ ಕಣ್ಣು ಬೇಗ ಅವನ ಮೇಲೆ ಬೀಳುತ್ತದೆ. ಅದೇ ಮೈದಾನದಲ್ಲಿ ಒಬ್ಬ ಹುಡುಗಿ ನಾಲ್ಕೈದು ಜನರ ಗುಂಪಿನ ಅಂಚಿನಲ್ಲಿದ್ದಾಳೆ. ಅವರು ನಕ್ಕ ಮೇಲೆ ಅರೆಕ್ಷಣ ತಡವಾಗಿ ಇವಳೂ ನಗುತ್ತಾಳೆ. ಗುಂಪು ಮರದ ಕೆಳಗೆ ಹೋದರೆ ಹಿಂದೆಯೇ ಹೋಗುತ್ತಾಳೆ. ಸ್ವಲ್ಪ ಹೊತ್ತಿಗೆ ಇನ್ನೊಂದು ಗುಂಪಿನ ಹತ್ತಿರ ಕಾಣುತ್ತಾಳೆ. ದೂರದಿಂದ ನೋಡಿದರೆ ಎಲ್ಲ ಸರಿಯಾಗಿದೆ. ಇಡೀ ಬಿಡುವಿನಲ್ಲಿ ಅವಳು ಯಾರ ಜೊತೆಗೂ ಒಂದು ಮಾತು ಆಡಿಲ್ಲ ಅನ್ನುವುದು ಹತ್ತಿರ ಹೋದವರಿಗೆ ಮಾತ್ರ ಗೊತ್ತಾಗುತ್ತದೆ.

2017ರಲ್ಲಿ ಸಂಶೋಧಕರಾದ ಮಿಶೆಲ್ ಡೀನ್, ಕಾನಿ ಕಸಾರಿ ಮತ್ತು ಜೊತೆಗಾರರು ಆಟಿಸಂ ಇರುವ ಮಕ್ಕಳನ್ನು ಶಾಲಾ ಮೈದಾನದಲ್ಲೇ ಗಮನಿಸಿ ಹೆಚ್ಚುಕಡಿಮೆ ಇದನ್ನೇ ಬರೆದರು. ಹುಡುಗರು ಹೆಚ್ಚಾಗಿ ಒಂಟಿಯಾಗಿರುತ್ತಿದ್ದರು. ಹುಡುಗಿಯರು ಗುಂಪಿನ ಹತ್ತಿರವೇ ಇದ್ದು, ಆಟದ ಒಳಗೂ ಹೊರಗೂ ಓಡಾಡುತ್ತಿದ್ದರು. ಯಾರಾದರೂ ಕಿಟಕಿಯಿಂದ ನೋಡಿದ್ದರೆ ಹುಡುಗನ ಹೆಸರನ್ನಷ್ಟೇ ಬರೆದುಕೊಳ್ಳುತ್ತಿದ್ದರು.

ಆಟಿಸಂ ಅಂದರೆ ಬೇರೆಯವರ ಜೊತೆ ಬೆರೆಯುವ, ಸದ್ದು ಸ್ಪರ್ಶಗಳನ್ನು ಗ್ರಹಿಸುವ ರೀತಿ ಹುಟ್ಟಿನಿಂದಲೇ ಬೇರೆಯಾಗಿರುವುದು. ಕನ್ನಡದಲ್ಲಿ ಅದಕ್ಕೆ ಸ್ವಲೀನತೆ ಅನ್ನುತ್ತೇವೆ. ತನ್ನಲ್ಲೇ ಲೀನವಾಗಿರುವುದು ಅಂತ. ಈ ಹುಡುಗಿಯನ್ನು ನೋಡಿದಾಗಲೆಲ್ಲ ಆ ಪದ ನನಗೆ ಕಿರಿಕಿರಿ ಮಾಡುತ್ತದೆ. ಅವಳು ತನ್ನಲ್ಲಿ ಎಲ್ಲಿ ಲೀನವಾಗಿದ್ದಾಳೆ? ಬೆಳಗ್ಗೆಯಿಂದ ಸಂಜೆವರೆಗೆ ಬೇರೆಯವರ ಮುಖವನ್ನೇ ಓದುತ್ತಿದ್ದಾಳೆ. ಯಾವಾಗ ನಗಬೇಕು, ಎಷ್ಟು ನಗಬೇಕು, ಯಾವಾಗ ನಿಲ್ಲಿಸಬೇಕು ಅಂತ ಲೆಕ್ಕ ಹಾಕುತ್ತಿದ್ದಾಳೆ. ಹಾಗಾಗಿ ಇಲ್ಲಿ ಆಟಿಸಂ ಅಂತಲೇ ಬರೆಯುತ್ತೇನೆ.

ಈ ಹುಡುಗಿ ಯಾಕೆ ಕಣ್ಣಿಗೆ ಬೀಳಲಿಲ್ಲ ಅನ್ನುವುದಕ್ಕೆ ಸುಮಾರು ನೂರು ವರ್ಷದ ಕಥೆ ಇದೆ. 1943ರಲ್ಲಿ ಅಮೆರಿಕದಲ್ಲಿ ಲಿಯೋ ಕ್ಯಾನರ್ ಎಂಬ ವೈದ್ಯರು ಆಟಿಸಂ ಬಗ್ಗೆ ತಮ್ಮ ಹೆಸರಾಂತ ಪ್ರಬಂಧ ಪ್ರಕಟಿಸಿದರು. ಅದರಲ್ಲಿ 11 ಮಕ್ಕಳಿದ್ದರು. 8 ಹುಡುಗರು, 3 ಹುಡುಗಿಯರು. ಮರುವರ್ಷ ವಿಯೆನ್ನಾದಲ್ಲಿ ಹಾನ್ಸ್ ಆಸ್ಪರ್ಗರ್ ವಿವರಿಸಿದ ನಾಲ್ವರೂ ಹುಡುಗರೇ. ಅವರಿಬ್ಬರಿಗಿಂತ ಮುಂಚೆ, 1920ರ ದಶಕದಲ್ಲೇ, ಸೋವಿಯತ್ ಒಕ್ಕೂಟದ ಗ್ರೂನ್ಯಾ ಸುಖರೇವಾ ಎಂಬ ವೈದ್ಯೆ ಇಂಥದೇ ಮಕ್ಕಳ ಬಗ್ಗೆ ಬರೆದಿದ್ದರು. ಮೊದಲು ಹುಡುಗರ ಬಗ್ಗೆ, ಆಮೇಲೆ 1927ರಲ್ಲಿ ಹುಡುಗಿಯರ ಬಗ್ಗೆ ಬೇರೆಯಾಗಿಯೇ. ಹುಡುಗಿಯರಲ್ಲಿ ಇದು ಬೇರೆ ಥರ ಕಾಣುತ್ತದೆ ಅಂತ ಆಗಲೇ ಒಬ್ಬರು ಗಮನಿಸಿದ್ದರು ಅಂತಾಯಿತು. ಆದರೆ ಸುಖರೇವಾ ಅವರ ಕೆಲಸ ದಶಕಗಳ ಕಾಲ ಮೂಲೆಗೆ ಬಿದ್ದಿತ್ತು. ಕ್ಯಾನರ್, ಆಸ್ಪರ್ಗರ್ ಹೆಸರು ಉಳಿಯಿತು. ಅವರ ಜೊತೆಗೆ ಅವರು ಕಂಡ ಹುಡುಗರ ಚಿತ್ರವೂ ಉಳಿಯಿತು.

1981ರಲ್ಲಿ ಬ್ರಿಟನ್ನಿನ ಮನೋವೈದ್ಯೆ ಲೋರ್ನಾ ವಿಂಗ್ ಒಂದು ವಿಚಿತ್ರ ಲೆಕ್ಕ ಮುಂದಿಟ್ಟರು. ಆಟಿಸಂ ಜೊತೆಗೆ ಬೌದ್ಧಿಕ ಅಸಾಮರ್ಥ್ಯವೂ ಇರುವ ಮಕ್ಕಳಲ್ಲಿ ಒಬ್ಬ ಹುಡುಗಿಗೆ ಸುಮಾರು ಇಬ್ಬರು ಹುಡುಗರು. ಮಾತು, ಓದು ಚೆನ್ನಾಗಿರುವ ಮಕ್ಕಳಲ್ಲಿ ಮಾತ್ರ ಒಬ್ಬ ಹುಡುಗಿಗೆ 15 ಹುಡುಗರು! ಈ ಎರಡು ಅಂಕಿಗಳನ್ನು ಅಕ್ಕಪಕ್ಕ ಇಟ್ಟು ನೋಡಿ. ತೊಂದರೆ ಎದ್ದು ಕಾಣುವಷ್ಟಿದ್ದರೆ ಹುಡುಗಿ ಲೆಕ್ಕಕ್ಕೆ ಸಿಗುತ್ತಾಳೆ. ಮಾತಾಡಲು, ಓದಲು ಬಂದರೆ ಲೆಕ್ಕದಿಂದ ಜಾರಿಹೋಗುತ್ತಾಳೆ. ಅನುಮಾನ ಬರಬೇಕಾಗಿದ್ದದ್ದು ಆಗಲೇ.

ಈಗಿನ ಲೆಕ್ಕ ಬದಲಾಗುತ್ತಿದೆ. 2017ರಲ್ಲಿ ರೇಚಲ್ ಲೂಮ್ಸ್, ಲಾರಾ ಹಲ್ ಮತ್ತು ವಿಲಿಯಂ ಮ್ಯಾಂಡಿ 54 ಅಧ್ಯಯನಗಳನ್ನು ಒಟ್ಟಿಗೆ ಇಟ್ಟು ನೋಡಿದರು. ಆಸ್ಪತ್ರೆ ದಾಖಲೆ ನಂಬದೆ, ತಾವೇ ಮಕ್ಕಳನ್ನು ಹುಡುಕಿ ಪರೀಕ್ಷಿಸಿದ ಒಳ್ಳೆಯ ಗುಣಮಟ್ಟದ ಅಧ್ಯಯನಗಳಲ್ಲಿ ಹುಡುಗರು-ಹುಡುಗಿಯರ ಪ್ರಮಾಣ ಸಾಮಾನ್ಯವಾಗಿ ಹೇಳುತ್ತಿದ್ದ 4ಕ್ಕೆ 1 ಅಲ್ಲ, ಸುಮಾರು 3ಕ್ಕೆ 1 ಇತ್ತು. ಅಮೆರಿಕದ ರೋಗ ನಿಯಂತ್ರಣ ಕೇಂದ್ರ 8 ವರ್ಷದ ಮಕ್ಕಳ ಬಗ್ಗೆ 2025ರಲ್ಲಿ ಕೊಟ್ಟ ವರದಿಯಲ್ಲಿ ಅದು 3.4ಕ್ಕೆ 1 ಆಗಿದೆ. ಹುಡುಕಿದಷ್ಟೂ ಹುಡುಗಿಯರು ಸಿಗುತ್ತಿದ್ದಾರೆ.

ಹಾಗಂತ ಎಲ್ಲ ವ್ಯತ್ಯಾಸವೂ ನೋಡುವವರ ತಪ್ಪು ಅಂತ ಹೇಳಲಾಗದು. ಹುಡುಗಿಯರಿಗೆ ಹುಟ್ಟಿನಿಂದಲೇ ಏನೋ ರಕ್ಷಣೆ ಇದೆ, ಅವರಲ್ಲಿ ಆಟಿಸಂ ಕಾಣಿಸಬೇಕಾದರೆ ಜೀನ್‌ಗಳಲ್ಲಿ ಇನ್ನೂ ಹೆಚ್ಚಿನ ಏರುಪೇರು ಬೇಕು ಅನ್ನುವ ವಾದವಿದೆ. ಅದಕ್ಕೆ ಪುರಾವೆಯೂ ಇದೆ. ಆದರೆ ಆ ಪುರಾವೆಯ ಒಂದು ಭಾಗ ಆಟಿಸಂ ಇದೆ ಅಂತ ಆಗಲೇ ಗುರುತಿಸಿದ ಹುಡುಗಿಯರಿಂದ ಬಂದದ್ದು. ತೊಂದರೆ ಜಾಸ್ತಿ ಇದ್ದವರನ್ನು ಮಾತ್ರ ಗುರುತಿಸಿ, ಆಮೇಲೆ ಇವರ ಜೀನ್‌ಗಳಲ್ಲಿ ಏರುಪೇರು ಜಾಸ್ತಿ ಇದೆ ಅಂದರೆ ಏನರ್ಥ? ಬಲೆಯ ಕಣ್ಣು ದೊಡ್ಡದಿಟ್ಟು, ಈ ಕೆರೆಯಲ್ಲಿ ಸಣ್ಣ ಮೀನೇ ಇಲ್ಲ ಅಂದ ಹಾಗೆ.

ಪರೀಕ್ಷೆಗಳಲ್ಲೂ ಇದೇ ಸುತ್ತು ಇದೆ. ಹುಡುಗರನ್ನೇ ಹೆಚ್ಚಾಗಿ ನೋಡಿ ಪರೀಕ್ಷೆ ರೂಪಿಸಿದರು. ಆ ಪರೀಕ್ಷೆಯಲ್ಲಿ ಅಂಕ ದಾಟಿದವರನ್ನು ಮಾತ್ರ ಸಂಶೋಧನೆಗೆ ಸೇರಿಸಿಕೊಂಡರು. ಅಲ್ಲಿ ಸಿಕ್ಕ ತಿಳಿವಳಿಕೆಯಿಂದ ಪರೀಕ್ಷೆ ಸರಿಯಾಗೇ ಇದೆ ಅಂತ ತೀರ್ಮಾನಿಸಿದರು. ಡಯಾಗ್ನೋಸಿಸ್ ಆಗಲೇ ಇರುವ ಹೆಂಗಸರೂ ಈ ಜರಡಿಯಲ್ಲಿ ಹೆಚ್ಚಾಗಿ ಉದುರಿಹೋಗುತ್ತಾರೆ ಅಂತ 2022ರಲ್ಲಿ ಅನೀಲಾ ಡಿಮೆಲ್ಲೊ ಮತ್ತು ಸಂಗಡಿಗರು ತೋರಿಸಿದರು.

ಇವೆಲ್ಲದರಲ್ಲಿ ನನಗೆ ಅತಿ ಮುಖ್ಯ ಅನಿಸುವುದು 2012ರ ಒಂದು ಬ್ರಿಟಿಷ್ ಅಧ್ಯಯನ. ಕಟರೀನಾ ಡ್ವೋರ್ಜಿನ್ಸ್ಕಿ, ಫ್ರಾನ್ಸಿಸ್ಕಾ ಹ್ಯಾಪೆ ಮತ್ತು ಜೊತೆಗಾರರು ಸಾವಿರಾರು ಅವಳಿ ಮಕ್ಕಳ ಮಾಹಿತಿ ನೋಡಿದರು. ಆಟಿಸಂ ಲಕ್ಷಣಗಳು ಅಷ್ಟೇ ಇದ್ದರೂ, ಹುಡುಗಿಗೆ ಡಯಾಗ್ನೋಸಿಸ್ ಸಿಗಬೇಕಾದರೆ ಜೊತೆಗೆ ಬುದ್ಧಿಶಕ್ತಿಯ ಸಮಸ್ಯೆಯೋ ನಡವಳಿಕೆಯ ಸಮಸ್ಯೆಯೋ ಹುಡುಗರಿಗಿಂತ ಜಾಸ್ತಿ ಇರಬೇಕಾಗಿತ್ತು. ಅಂದರೆ ನಾವು ಇಷ್ಟು ವರ್ಷ ಅಳೆಯುತ್ತಿದ್ದದ್ದು ಮಗುವಿಗೆ ಎಷ್ಟು ಕಷ್ಟವಾಗುತ್ತಿದೆ ಅನ್ನುವುದನ್ನಲ್ಲ. ಮಗುವಿನಿಂದ ಸುತ್ತಲಿನವರಿಗೆ ಎಷ್ಟು ಕಷ್ಟವಾಗುತ್ತಿದೆ ಅನ್ನುವುದನ್ನು. ತೊಂದರೆ ಕೊಡದ ಹುಡುಗಿಗೆ ತೊಂದರೆಯೇ ಇಲ್ಲ ಅಂದುಕೊಂಡೆವು.

ಕೋಣೆಯಲ್ಲಿ ಬೊಂಬೆಗಳ ಜೊತೆ ಕೂತ ಹುಡುಗಿಯನ್ನೇ ನೋಡಿ. ಬೊಂಬೆ ಅಂದ ತಕ್ಷಣ ಎಲ್ಲರಿಗೂ ಸಮಾಧಾನ. ಸ್ವಲ್ಪ ಹೊತ್ತು ಪಕ್ಕದಲ್ಲಿ ಕೂತರೆ ಬೇರೆಯೇ ಕಾಣುತ್ತದೆ. ಅವಳು ಬೊಂಬೆಗಳನ್ನು ಮಾತಾಡಿಸುತ್ತಿಲ್ಲ. ಬಟ್ಟೆಯ ಬಣ್ಣದ ಪ್ರಕಾರ ಸಾಲು ಮಾಡುತ್ತಿದ್ದಾಳೆ. ಪುಟ್ಟ ಕುರ್ಚಿ, ಪುಟ್ಟ ಮಂಚ ಎಲ್ಲ ಅದರದರ ಜಾಗಕ್ಕೆ ಬಂದವು. ಆಟ ಶುರುವಾಗಬೇಕಾದ ಹೊತ್ತಿಗೆ ಅವಳ ಆಟ ಮುಗಿದೇಹೋಯಿತು. ಯಾರಾದರೂ ಒಂದು ಕುರ್ಚಿ ಸರಿಸಿದರೆ ಉಸಿರು ಬಿಗಿಯಾಗುತ್ತದೆ. ಹುಡುಗ ಕಾರುಗಳನ್ನು ಸಾಲಾಗಿ ಇಟ್ಟಿದ್ದರೆ ಅದು ಲಕ್ಷಣ. ಇವಳದು ಅಚ್ಚುಕಟ್ಟು.

ಆಸಕ್ತಿಗಳ ವಿಷಯವೂ ಅಷ್ಟೇ. ರೈಲಿನ ವೇಳಾಪಟ್ಟಿ ಬಾಯಿಪಾಠ ಮಾಡಿದ ಹುಡುಗ ವಿಚಿತ್ರವಾಗಿ ಕಾಣುತ್ತಾನೆ. ಕುದುರೆಗಳ ಬಗ್ಗೆ ಸಿಕ್ಕಿದ್ದೆಲ್ಲ ಓದಿ, ಮೂಳೆಗಳ ಹೆಸರನ್ನೂ ಹೇಳುವ ಹುಡುಗಿ ಪ್ರಾಣಿಪ್ರಿಯೆ ಅನಿಸಿಕೊಳ್ಳುತ್ತಾಳೆ. ಗಮನಿಸಬೇಕಾದದ್ದು ವಿಷಯ ಯಾವುದು ಅಂತಲ್ಲ, ಅದರೊಳಗೆ ಎಷ್ಟು ಆಳಕ್ಕೆ ಇಳಿದಿದ್ದಾಳೆ, ಅಲ್ಲಿಂದ ಎಬ್ಬಿಸಿದರೆ ಏನಾಗುತ್ತದೆ ಅಂತ.

ಇನ್ನು ಮಾಸ್ಕಿಂಗ್. ಆಟಿಸಂ ಇರುವ ಹೆಂಗಸರು ಮಾತಾಡುವಾಗ ಅತಿ ಹೆಚ್ಚು ಬಳಸುವ ಪದ ಇದೇ ಇರಬೇಕು. ಮುಖವಾಡ ಅಂದರೆ ಕನ್ನಡದಲ್ಲಿ ಮೋಸದ ವಾಸನೆ ಬರುತ್ತದೆ. ಇಲ್ಲಿ ಮೋಸ ಏನೂ ಇಲ್ಲ. ಬೇರೆಯವರಿಗೆ ತಾನಾಗಿ ಬರುವುದನ್ನು ಇವರು ಕಷ್ಟಪಟ್ಟು, ನೋಡಿ ಕಲಿತು ಮಾಡುವುದು.

ಒಂದು ಫೋನ್ ಕರೆಯನ್ನು ತೆಗೆದುಕೊಳ್ಳೋಣ. ಮೂವತ್ತೈದರ ಹೆಂಗಸು, ಒಳ್ಳೆಯ ಕೆಲಸ. ದಂತವೈದ್ಯರ ಅಪಾಯಿಂಟ್‌ಮೆಂಟ್ ಬದಲಿಸಬೇಕು. ಎರಡು ನಿಮಿಷದ ಕೆಲಸ ಅಲ್ವಾ? ಅವಳು ಚೀಟಿಯ ಮೇಲೆ ಮೊದಲ ವಾಕ್ಯ ಬರೆದುಕೊಳ್ಳುತ್ತಾಳೆ: ‘ನಮಸ್ಕಾರ, ಗುರುವಾರದ ಅಪಾಯಿಂಟ್‌ಮೆಂಟ್ ಬಗ್ಗೆ ಫೋನ್ ಮಾಡಿದ್ದು.’ ಅದರ ಕೆಳಗೆ ಆ ಕಡೆಯವರು ಕೇಳಬಹುದಾದ ಮೂರು ಪ್ರಶ್ನೆ, ಮೂರಕ್ಕೂ ಉತ್ತರ. ಬೆಳಗ್ಗೆ ಹತ್ತಕ್ಕೆ ಮಾಡಬೇಕಿದ್ದ ಕರೆ ಮಧ್ಯಾಹ್ನ ಮೂರಕ್ಕೆ ಹೋಗುತ್ತದೆ. ಆ ಕಡೆಯವರು ‘ಒಂದ್ನಿಮಿಷ ಲೈನ್‌ನಲ್ಲಿರಿ, ಹೇಗಿದೀರಾ?’ ಅನ್ನುತ್ತಾರೆ. ಇದು ಚೀಟಿಯಲ್ಲಿ ಇಲ್ಲ. ಇವಳು ತಡವರಿಸಿ ನಗುತ್ತಾಳೆ, ಹೇಗೋ ಮುಗಿಸುತ್ತಾಳೆ. ಆ ನಗು ಜಾಸ್ತಿಯಾಯಿತೇನೋ ಅಂತ ರಾತ್ರಿವರೆಗೆ ಕೊರಗುತ್ತಾಳೆ. ಆ ಕಡೆಯವರಿಗೆ ಇವಳು ದಿನದ ಮೂವತ್ತು ಕರೆಗಳಲ್ಲಿ ಒಬ್ಬ ಮರ್ಯಾದಸ್ಥೆ, ಅಷ್ಟೇ.

ಎದುರಾಎದುರು ಮಾತಾಡುವಾಗ ಕಣ್ಣಿಗೆ ಕಣ್ಣು ಕೊಡಲಾಗದೆ ಎರಡು ಹುಬ್ಬಿನ ನಡುವೆ ನೋಡುವುದು, ಮೂರು ಎಣಿಸಿ ಕಣ್ಣು ಸರಿಸುವುದು, ಕೈ ಆಡಿಸಬೇಕು ಅನಿಸಿದರೆ ಜೇಬಿನೊಳಗೆ ಬೆರಳು ಉಜ್ಜುವುದು, ಕ್ಲಾಸಿನಲ್ಲಿ ಎಲ್ಲರಿಗೂ ಇಷ್ಟವಾದ ಹುಡುಗಿಯ ಧ್ವನಿಯನ್ನೇ ಎರವಲು ಪಡೆಯುವುದು ಎಲ್ಲ ಇದರಲ್ಲೇ ಬರುತ್ತದೆ. ಇದನ್ನು ಅಳೆಯಲು ಲಾರಾ ಹಲ್ ಮತ್ತು ಜೊತೆಗಾರರು 2019ರಲ್ಲಿ 25 ಪ್ರಶ್ನೆಗಳ ಒಂದು ಪಟ್ಟಿ ಪ್ರಕಟಿಸಿದರು. ಗಂಡಸರೂ ಮಾಸ್ಕಿಂಗ್ ಮಾಡುತ್ತಾರೆ. ಹೆಂಗಸರಲ್ಲಿ ಸರಾಸರಿ ಜಾಸ್ತಿ. ಕಾರಣ ಹುಡುಕಲು ಮೆದುಳಿನವರೆಗೆ ಹೋಗಬೇಕಿಲ್ಲ ಅಂತ ನನಗನಿಸುತ್ತದೆ. ಮೂರು ವರ್ಷದ ಹುಡುಗ ಮುಖ ತಿರುಗಿಸಿದರೆ ‘ಮೂಡಿ’ ಅನ್ನುತ್ತಾರೆ. ಮೂರು ವರ್ಷದ ಹುಡುಗಿ ಮುಖ ತಿರುಗಿಸಿದರೆ ‘ಹಾಗೆ ಮಾಡಬಾರದು ಪುಟ್ಟಿ, ನಗು’. ತರಬೇತಿ ಅಷ್ಟು ಬೇಗ ಶುರುವಾಗುತ್ತದೆ.

ಇದರ ಬೆಲೆ ಮನೆಯೊಳಗೆ ತೆರಬೇಕಾಗುತ್ತದೆ. ಶಾಲೆಯಲ್ಲಿ ಇಡೀ ದಿನ ತಡೆದು ಹಿಡಿದ ಹುಡುಗಿ ಮನೆ ಬಾಗಿಲು ದಾಟಿದ ತಕ್ಷಣ ಚಪ್ಪಲಿ ಎಸೆಯುತ್ತಾಳೆ, ಕಿರುಚುತ್ತಾಳೆ. ಇಲ್ಲವೇ ಹೊದಿಕೆಯೊಳಗೆ ಸೇರಿ ಗಂಟೆಗಟ್ಟಲೆ ಮಾತೇ ಆಡುವುದಿಲ್ಲ. ಮೊದಲನೆಯದಕ್ಕೆ ಮೆಲ್ಟ್‌ಡೌನ್ ಅಂತಲೂ ಎರಡನೆಯದಕ್ಕೆ ಶಟ್‌ಡೌನ್ ಅಂತಲೂ ಹೆಸರಿದೆ. ಎರಡೂ ಹಟವಲ್ಲ. ತಾಯಿ ಶಾಲೆಗೆ ಹೋಗಿ ಕೇಳಿದರೆ ‘ಇಲ್ಲಿ ಚೆನ್ನಾಗೇ ಇರ್ತಾಳಲ್ಲ’ ಅನ್ನುವ ಉತ್ತರ. ಅಂದಮೇಲೆ ತಪ್ಪು ಮನೆಯದೇ ಆಗಬೇಕು. ತಾಯಂದಿರ ತಣ್ಣನೆಯ ಪ್ರೀತಿಯಿಂದಲೇ ಆಟಿಸಂ ಬರುತ್ತದೆ ಅನ್ನುವ ಮಾತು 1950–60ರ ದಶಕಗಳಲ್ಲಿ ಗಂಭೀರ ಸಿದ್ಧಾಂತವಾಗಿತ್ತು. ಅದು ಸುಳ್ಳು ಅಂತ ಯಾವತ್ತೋ ಗೊತ್ತಾಗಿದೆ. ವಾಸನೆ ಮಾತ್ರ ಪೂರ್ತಿ ಹೋಗಿಲ್ಲ.

ಹತ್ತು ಹನ್ನೆರಡು ವರ್ಷದ ಹೊತ್ತಿಗೆ ಹುಡುಗಿಯರ ಸ್ನೇಹದ ನಿಯಮಗಳೇ ಬದಲಾಗುತ್ತವೆ. ಅಲ್ಲಿವರೆಗೆ ಸ್ನೇಹ ಅಂದರೆ ಒಟ್ಟಿಗೆ ಆಡುವುದು. ಈಗ ಒಟ್ಟಿಗೆ ಕೂತು ಮಾತಾಡುವುದು, ಗುಟ್ಟು ಹಂಚುವುದು, ಯಾರಿಗೂ ಗೊತ್ತಾಗದ ಹಾಗೆ ಒಬ್ಬಳನ್ನು ಹೊರಗಿಡುವುದು. ಹುಡುಗರ ಜಗಳದಲ್ಲಿ ಏಟು ಬೀಳುತ್ತದೆ, ಕಣ್ಣಿಗೆ ಕಾಣುತ್ತದೆ. ಇಲ್ಲಿ ಒಂದು ಹುಬ್ಬು ಮೇಲೇರಿದರೆ ಸಾಕು. ಅದನ್ನು ಓದಲು ಬರದವಳು ಸೋಮವಾರ ಬೆಳಗ್ಗೆ ತನ್ನ ಜಾಗದಲ್ಲಿ ಇನ್ನೊಬ್ಬಳು ಕೂತಿರುವುದನ್ನು ನೋಡುತ್ತಾಳೆ. ಯಾಕೆ ಅಂತ ಅವಳಿಗೆ ಕೊನೆವರೆಗೂ ಗೊತ್ತಾಗುವುದಿಲ್ಲ.

ಅದೇ ವಯಸ್ಸಿಗೆ ಮುಟ್ಟು ಶುರುವಾಗುತ್ತದೆ. ಬಟ್ಟೆಯ ಒಂದು ಹೊಲಿಗೆ ತಾಗಿದರೂ ಮೈ ಉರಿಯುವವಳಿಗೆ ಪ್ಯಾಡ್ ಅಂದರೆ ಏನು ಅಂತ ಯೋಚಿಸಿ. ವಾಸನೆ, ಒದ್ದೆ, ಯಾವಾಗ ಬರುತ್ತದೋ ಅನ್ನುವ ಅನಿಶ್ಚಿತ. ಇನ್ನೊಂದು ತೊಡಕೂ ಇದೆ. ಹಸಿವು, ನೋವು, ಸುಸ್ತು ಇಂಥ ಒಳಗಿನ ಸೂಚನೆಗಳು ಆಟಿಸಂ ಇರುವ ಹಲವರಿಗೆ ಸರಿಯಾಗಿ ತಲುಪುವುದಿಲ್ಲ. ತಲುಪಿದರೂ ಹೆಸರಿಡಲು ಬರುವುದಿಲ್ಲ. ಹೊಟ್ಟೆನೋವು ಅಂತ ಗೊತ್ತಾಗುವ ಮೊದಲು ಸಿಟ್ಟು ಬಂದಿರುತ್ತದೆ. ಇನ್ನೊಂದು ತುದಿಯಲ್ಲಿ, ಮುಟ್ಟು ನಿಲ್ಲುವ ವಯಸ್ಸಿನಲ್ಲಿ, ಅಲ್ಲಿವರೆಗೆ ಹೇಗೋ ಸಂಭಾಳಿಸಿದ್ದೆಲ್ಲ ಕುಸಿದು ಬಿತ್ತು ಅಂತ ಹಲವು ಹೆಂಗಸರು ಹೇಳುತ್ತಾರೆ. ಅದರ ಬಗ್ಗೆ ಸಂಶೋಧನೆ ಶುರುವಾಗಿ ಹೆಚ್ಚು ವರ್ಷಗಳಾಗಿಲ್ಲ.

ಈಗ ಹೇಳಲೇಬೇಕಾದ ಕಹಿ ವಿಷಯ. 2016ರಲ್ಲಿ ಸಾರಾ ಬಾರ್ಜೆಲಾ ಮತ್ತು ಜೊತೆಗಾರರು ತಡವಾಗಿ ಡಯಾಗ್ನೋಸಿಸ್ ಆದ 14 ಹೆಂಗಸರನ್ನು ಮಾತಾಡಿಸಿದರು. ಅವರಲ್ಲಿ 9 ಜನ ಲೈಂಗಿಕ ದೌರ್ಜನ್ಯ ಅನುಭವಿಸಿದ್ದರು. 2022ರಲ್ಲಿ ಪ್ರಕಟವಾದ ಫ್ರಾನ್ಸಿನ ಆನ್‌ಲೈನ್ ಸಮೀಕ್ಷೆಯಲ್ಲಿ ಆಟಿಸಂ ಇರುವ ಹೆಂಗಸರ ಪೈಕಿ ಸುಮಾರು ಹತ್ತರಲ್ಲಿ ಒಂಬತ್ತು ಜನ ಒಂದಲ್ಲ ಒಂದು ಥರದ ಲೈಂಗಿಕ ಹಿಂಸೆಗೆ ಸಿಕ್ಕಿದ್ದಾಗಿ ಹೇಳಿದರು. ತಾವಾಗಿ ಉತ್ತರಿಸಲು ಬಂದವರ ಸಮೀಕ್ಷೆ ಅದು, ಹಾಗಾಗಿ ಅಂಕಿಯನ್ನು ಎಲ್ಲರಿಗೂ ಅನ್ವಯಿಸಬಾರದು. ಆದರೂ ಕಾರಣ ಊಹಿಸುವುದು ಕಷ್ಟವಲ್ಲ. ಎದುರಿನವರ ಉದ್ದೇಶ ಓದಲು ಬರುವುದಿಲ್ಲ ಅಂತ ಸಾಮಾನ್ಯವಾಗಿ ಹೇಳುತ್ತಾರೆ. ಅದು ಅರ್ಧ ಮಾತು. ಈ ಬಟ್ಟೆ ಚುಚ್ಚುತ್ತದೆ ಅಂದಾಗ ‘ಏನೂ ಚುಚ್ಚಲ್ಲ’ ಅಂದವರು, ಸದ್ದು ಜಾಸ್ತಿ ಅಂದಾಗ ‘ನಿಂಗೊಬ್ಳಿಗೇನಾ?’ ಅಂದವರು, ಅಪ್ಪಿಕೊಳ್ಳುವುದು ಬೇಡ ಅಂದಾಗ ‘ಬೇಜಾರಾಗುತ್ತೆ ಅವರಿಗೆ’ ಅಂದವರು ನಾವೇ. ತನ್ನ ಮೈಗೆ ಅನಿಸುವುದನ್ನು ನಂಬಬಾರದು ಅಂತ ಹದಿನೈದು ವರ್ಷ ಕಲಿಸಿ, ಹದಿನಾರನೇ ವರ್ಷಕ್ಕೆ ‘ಬೇಡ ಅಂತ ಯಾಕೆ ಹೇಳಲಿಲ್ಲ?’ ಅಂತ ಕೇಳುತ್ತೇವೆ.

ದೊಡ್ಡವರಾದ ಮೇಲೆ ಈ ಹೆಂಗಸರು ವೈದ್ಯರ ಬಳಿ ಹೋಗುವುದಿಲ್ಲ ಅಂತಲ್ಲ. ಹೋಗುತ್ತಾರೆ, ಬೇರೆ ಹೆಸರುಗಳೊಂದಿಗೆ ವಾಪಸ್ ಬರುತ್ತಾರೆ. ಆತಂಕ, ಖಿನ್ನತೆ, ಊಟ ಬಿಡುವ ಅನೊರೆಕ್ಸಿಯಾ, ಭಾವನೆ, ಸಂಬಂಧಗಳು ಪದೇ ಪದೇ ಏರುಪೇರಾಗುವ ಬಾರ್ಡರ್‌ಲೈನ್ ವ್ಯಕ್ತಿತ್ವ ದೋಷ. ಇವುಗಳಲ್ಲಿ ಕೆಲವು ನಿಜವಾಗಿಯೂ ಜೊತೆಗಿರುತ್ತವೆ. ಆದರೆ ತಳದಲ್ಲಿ ಇರುವುದು ಕಾಣದಿದ್ದರೆ ಚಿಕಿತ್ಸೆ ಅಡ್ಡದಾರಿ ಹಿಡಿಯುತ್ತದೆ. ಅನೊರೆಕ್ಸಿಯಾ ಅಂದರೆ ದಪ್ಪಗಾಗುವ ಭಯ ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ಆಟಿಸಂ ಇರುವ ಕೆಲವರಿಗೆ ಊಟ ಬಾಯಿಗೆ ತಾಗುವ ರೀತಿಯೇ ಸಮಸ್ಯೆ, ಇಲ್ಲವೇ ಅಂಕಿ ಮತ್ತು ನಿಯಮಗಳ ನೆಮ್ಮದಿ. ಕನ್ನಡಿ ಮುಂದೆ ನಿಲ್ಲಿಸಿ ‘ನೀನು ದಪ್ಪಗಿಲ್ಲ’ ಅಂತ ಎಷ್ಟು ಹೇಳಿದರೂ ಅವರಿಗೆ ಪ್ರಯೋಜನವಿಲ್ಲ.

ಮಾಸ್ಕಿಂಗ್ ಎಳೆದೆಳೆದು ಒಂದು ದಿನ ತುಂಡಾಗುತ್ತದೆ. ಅದಕ್ಕೆ ಆಟಿಸಂ ಬರ್ನ್‌ಔಟ್ ಅನ್ನುತ್ತಾರೆ. ಡೋರಾ ರೇಮೇಕರ್ ಮತ್ತು ಜೊತೆಗಾರರು 2020ರಲ್ಲಿ ಇದನ್ನು ವಿವರವಾಗಿ ಬರೆದರು. ತಿಂಗಳುಗಟ್ಟಲೆ ಬಿಡದ ಸುಸ್ತು, ಮೊದಲು ಬರುತ್ತಿದ್ದ ಕೆಲಸಗಳೇ ಕೈಬಿಡುವುದು, ಸದ್ದು ಬೆಳಕು ಮುಂಚಿಗಿಂತ ಅಸಹನೀಯವಾಗುವುದು. ವಾರಾಂತ್ಯದ ರಜೆಯಿಂದ ಇದು ಹೋಗುವುದಿಲ್ಲ. ತನ್ನನ್ನು ಮುಚ್ಚಿಟ್ಟು ಬದುಕುವುದಕ್ಕೂ ಆತ್ಮಹತ್ಯೆಯ ಯೋಚನೆಗಳಿಗೂ ನಂಟಿದೆ ಅಂತ ಸಾರಾ ಕ್ಯಾಸಿಡಿ ಮತ್ತು ಜೊತೆಗಾರರು 2018ರಲ್ಲಿ ತೋರಿಸಿದರು. ‘ನಿನ್ನನ್ನು ನೋಡಿದರೆ ಆಟಿಸಂ ಅನಿಸೋದೇ ಇಲ್ಲ’ ಅನ್ನುವ ಹೊಗಳಿಕೆ ಎಷ್ಟು ದುಬಾರಿ ಅಂತ ಇದರಿಂದ ಗೊತ್ತಾಗಬೇಕು.

ಎಷ್ಟೋ ಹೆಂಗಸರಿಗೆ ಉತ್ತರ ಸಿಗುವುದು ಮಗುವಿನ ಮೂಲಕ. ಮಗಳನ್ನೋ ಮಗನನ್ನೋ ಪರೀಕ್ಷೆಗೆ ಕರೆದುಕೊಂಡು ಹೋಗುತ್ತಾರೆ. ಪ್ರಶ್ನಾವಳಿ ತುಂಬುತ್ತಾ ಹೋದಂತೆ ಪೆನ್ನು ನಿಧಾನವಾಗುತ್ತದೆ. ‘ಇದು ಎಲ್ಲ ಮಕ್ಕಳೂ ಮಾಡ್ತಾರಲ್ಲ, ನಾನೂ ಹೀಗೇ ಇದ್ದೆ’ ಅನ್ನುವ ಮಾತು ಬಾಯಿಂದ ಬರುತ್ತದೆ. ಎದುರು ಕೂತವರು ತಲೆ ಎತ್ತಿ ನೋಡುತ್ತಾರೆ. ನಲವತ್ತರಲ್ಲಿ ಹೆಸರು ಸಿಕ್ಕಾಗ ಮೊದಲು ಹಗುರ, ಆಮೇಲೆ ಸಿಟ್ಟು. ಸೋಮಾರಿ, ಅಹಂಕಾರಿ, ಅತಿ ಸೂಕ್ಷ್ಮ ಅಂತ ತನಗೆ ತಾನೇ ಬೈದುಕೊಂಡ ವರ್ಷಗಳನ್ನು ಯಾರು ವಾಪಸ್ ಕೊಡುತ್ತಾರೆ?

ಈ ನಡುವೆ ‘ಈಗ ಎಲ್ಲರಿಗೂ ಆಟಿಸಂ, ಇದೊಂದು ಫ್ಯಾಷನ್’ ಅನ್ನುವ ಮಾತು ಕೇಳಿಬರುತ್ತಿದೆ. ಬ್ರಿಟನ್ನಿನಲ್ಲಿ 1998ರಿಂದ 2018ರ ನಡುವೆ ಹೊಸ ಆಟಿಸಂ ಡಯಾಗ್ನೋಸಿಸ್‌ಗಳು ಶೇ. 787ರಷ್ಟು ಏರಿದವು. ಅಂಕಿ ಕೇಳಿದರೆ ಗಾಬರಿಯಾಗುವುದು ಸಹಜ. ಏರಿಕೆ ಜಾಸ್ತಿ ಇದ್ದದ್ದು ಹೆಂಗಸರಲ್ಲಿ ಮತ್ತು ವಯಸ್ಕರಲ್ಲಿ, ಅಂದರೆ ಮುಂಚೆ ಯಾರೂ ನೋಡದೆ ಬಿಟ್ಟವರಲ್ಲಿ. ಅಲ್ಲದೆ 2013ರವರೆಗೆ ಅಮೆರಿಕದ ಮನೋವೈದ್ಯರ ಕೈಪಿಡಿ ಆಟಿಸಂ ಮತ್ತು ಎಡಿಎಚ್‌ಡಿ (ಗಮನ ನಿಲ್ಲದ, ಅತಿ ಚಟುವಟಿಕೆಯ ಸ್ಥಿತಿ) ಎರಡನ್ನೂ ಒಬ್ಬರಿಗೇ ಕೊಡಲು ಬಿಡುತ್ತಿರಲಿಲ್ಲ. ಆ ವರ್ಷ ನಿಯಮ ಬದಲಾಯಿತು. ಕಲಿತ ಉಪಾಯಗಳಿಂದ ಲಕ್ಷಣಗಳು ಮುಚ್ಚಿಹೋಗಿರಬಹುದು ಅನ್ನುವ ಮಾತೂ ಆಗಲೇ ಕೈಪಿಡಿಗೆ ಸೇರಿತು. ಬಾಗಿಲು ತೆರೆದರೆ ಸಾಲು ಉದ್ದವಾಗುತ್ತದೆ. ರೀಲ್ಸ್ ನೋಡಿ ತಪ್ಪಾಗಿ ಅಂದುಕೊಳ್ಳುವವರೂ ಆ ಸಾಲಿನಲ್ಲಿ ಇರಬಹುದು. ಅದಕ್ಕೆ ಪರಿಹಾರ ಸರಿಯಾದ ಪರೀಕ್ಷೆ, ಬಾಗಿಲು ಹಾಕುವುದಲ್ಲ.

ನನ್ನ ತಕರಾರು ಬೇರೆ ಇದೆ. ಹುಡುಗಿಯರ ಆಟಿಸಂ ಅಂದರೆ ಚೆನ್ನಾಗಿ ಮಾತಾಡುವ, ಜಾಣೆ, ಮಾಸ್ಕ್ ಹಾಕಿಕೊಂಡ ಹೆಣ್ಣು ಅನ್ನುವ ಹೊಸ ಅಚ್ಚು ತಯಾರಾಗುತ್ತಿದೆ. ಹಳೆಯ ಅಚ್ಚಿನಲ್ಲಿ ಹಿಡಿಸದವರಿಗಾಗಿ ಮಾಡಿದ ಈ ಅಚ್ಚಿನಲ್ಲಿ ಮಾತೇ ಬರದ ಹುಡುಗಿ ಹಿಡಿಸುವುದಿಲ್ಲ. ಸ್ನಾನಕ್ಕೂ ಮುಟ್ಟಿನ ದಿನಗಳಿಗೂ ಬೇರೆಯವರ ಕೈ ಬೇಕಾದವಳು, ಮಾಸ್ಕ್ ಹಾಕಲು ಬರದವಳು, ಈ ಚರ್ಚೆಯಲ್ಲಿ ಎಲ್ಲಿದ್ದಾಳೆ? ದೌರ್ಜನ್ಯದ ಅಪಾಯ ಅವಳಿಗೆ ಇನ್ನೂ ಹೆಚ್ಚು. ಹೇಳಿಕೊಳ್ಳುವ ದಾರಿ ಇನ್ನೂ ಕಡಿಮೆ. ಸಮೀಕ್ಷೆ ತುಂಬಲು ಬರುವವರ ಮೇಲೆಯೇ ಸಂಶೋಧನೆ ನಡೆದರೆ ಅವಳು ಎರಡನೇ ಸಲ ಜಾರಿಹೋಗುತ್ತಾಳೆ.

ಪರೀಕ್ಷೆ ಮಾಡುವವರು ಪ್ರಶ್ನೆ ಬದಲಿಸಿದರೂ ಬಹಳಷ್ಟು ಬದಲಾಗುತ್ತದೆ. ‘ಸ್ನೇಹಿತೆಯರಿದ್ದಾರಾ?’ ಅಂದರೆ ಹುಡುಗಿ ಹೌದು ಅನ್ನುತ್ತಾಳೆ, ಎರಡು ಹೆಸರನ್ನೂ ಹೇಳುತ್ತಾಳೆ. ‘ಅವರಿಗೆ ಬೇಜಾರಾದರೆ ನಿಂಗೆ ಹೇಗೆ ಗೊತ್ತಾಗುತ್ತೆ?’ ಅಂತ ಕೇಳಿದರೆ ಸುಮ್ಮನಾಗುತ್ತಾಳೆ. ‘ಕಣ್ಣು ನೋಡಿ ಮಾತಾಡ್ತಾಳೆ’ ಅಂತ ಟಿಕ್ ಹಾಕುವ ಬದಲು, ನೋಡುವಾಗ ತಲೆಯಲ್ಲಿ ಏನು ನಡೆಯುತ್ತಿರುತ್ತದೆ ಅಂತ ಅವಳನ್ನೇ ಕೇಳಬಹುದು. ಶಾಲೆ ಮುಗಿದ ಮೊದಲ ಒಂದು ಗಂಟೆ ಹೇಗಿರುತ್ತದೆ ಅಂತ ಮನೆಯವರನ್ನು ಕೇಳಬಹುದು.

ಡಯಾಗ್ನೋಸಿಸ್ ಸಿಕ್ಕಿದ ಮೇಲೆ ಏನು ಅನ್ನುವುದು ಇನ್ನೊಂದು ದೊಡ್ಡ ಖಾಲಿ ಜಾಗ. ಸೇವೆಗಳು ಹೆಚ್ಚಾಗಿ ಮಕ್ಕಳಿಗೆ. ನಲವತ್ತರ ಹೆಂಗಸಿಗೆ ಒಂದು ವರದಿ ಕೈಗೆ ಕೊಟ್ಟು ಕಳಿಸುತ್ತಾರೆ. ಅವರಲ್ಲಿ ಹಲವರಿಗೆ ಆಸರೆಯಾಗುವುದು ತಮ್ಮಂಥದೇ ಹೆಂಗಸರು. ಆಟಿಸಂ ಇರುವವರಿಗೆ ಮಾತ್ರ ಬೇರೆಯವರು ಅರ್ಥವಾಗುವುದಿಲ್ಲ ಅನ್ನುವುದು ತಪ್ಪು, ಎರಡೂ ಕಡೆಯವರಿಗೂ ಪರಸ್ಪರ ಅರ್ಥವಾಗುತ್ತಿಲ್ಲ ಅಂತ ಬ್ರಿಟನ್ನಿನ ಸಂಶೋಧಕ ಡೇಮಿಯನ್ ಮಿಲ್ಟನ್ 2012ರಲ್ಲಿ ವಾದಿಸಿದರು. ಅವರಿಗೂ ಆಟಿಸಂ ಇದೆ. ಇಬ್ಬರು ಆಟಿಸಂ ಹೆಂಗಸರು ಒಟ್ಟಿಗೆ ಕೂತಾಗ ಮೊದಲು ಆಗುವ ಕೆಲಸ ಬಹಳ ಚಿಕ್ಕದು. ಒಬ್ಬಳು ಎದ್ದು ಟ್ಯೂಬ್‌ಲೈಟ್ ಆರಿಸುತ್ತಾಳೆ. ಇನ್ನೊಬ್ಬಳು ಯಾಕೆ ಅಂತ ಕೇಳುವುದಿಲ್ಲ.

ಅದನ್ನು ಉಳಿದವರೂ ಮಾಡಬಹುದು. ಮೀಟಿಂಗಿನ ವಿಷಯಗಳನ್ನು ಹಿಂದಿನ ದಿನವೇ ಬರೆದು ಕಳಿಸಬಹುದು. ಫೋನ್ ಬದಲು ಮೆಸೇಜ್ ಸಾಕು ಅನ್ನಬಹುದು. ಕಾರ್ಯಕ್ರಮದ ಮಧ್ಯೆ ಹತ್ತು ನಿಮಿಷ ಹೊರಗೆ ಹೋಗಿ ನಿಂತವಳನ್ನು ‘ಏನಾಯ್ತು, ಬೇಜಾರಾ?’ ಅಂತ ಹಿಂಬಾಲಿಸದೆ ಬಿಡಬಹುದು. ಇದಕ್ಕೆಲ್ಲ ಯಾರ ಹತ್ತಿರವೂ ಡಯಾಗ್ನೋಸಿಸ್ ಪತ್ರ ಕೇಳಬೇಕಾಗಿಲ್ಲ.